ನೋಡಕ್ಕಾಗಲ್ವಾ ಅಂತ ಕೇಳಬೇಡಿ, ನಾವು ಕೇಳ್ತಾ ಇದ್ದೀವಿ

2025ರ ಜೂನ್ 6, ಶುಕ್ರವಾರ, ಬೆಳಗ್ಗೆ ಆರು ಗಂಟೆ. ಎನ್‌ಬಿಎ ಫೈನಲ್ಸ್‌ನ ಮೊದಲ ಮ್ಯಾಚ್. ಒಕ್ಲಹೋಮಾ ಸಿಟಿ ಥಂಡರ್ ಮತ್ತು ಇಂಡಿಯಾನಾ ಪೇಸರ್ಸ್. ಹಾಸ್ಟೆಲ್ ರೂಮಲ್ಲಿ ನಾವು ಮೂವರು, ಫೋನು ಒಂದು. ಮೊದಲ ಕ್ವಾರ್ಟರ್ ಮುಗಿಯೋ ಹೊತ್ತಿಗೆ ವಿಡಿಯೋ ಸುತ್ತೋಕೆ ಶುರು ಮಾಡ್ತು. ಆಟಗಾರ ಗಾಳಿಯಲ್ಲಿ ನಿಂತ, ನಿಂತೇ ಇದ್ದ. ಹಾಸ್ಟೆಲ್ ವೈಫೈ ಬಗ್ಗೆ ಹೊಸದಾಗಿ ಹೇಳೋದೇನಿಲ್ಲ, ಇದನ್ನ ಓದ್ತಿರೋ ಎಲ್ಲರಿಗೂ ಗೊತ್ತು. ಬೇಜಾರಾಗಿ ಸ್ಟ್ರೀಮ್ ಪಟ್ಟಿ ತೆಗೆದು ಇಂಡಿಯಾನಾ ತಂಡದ ರೇಡಿಯೋ ಒತ್ತಿದ್ವಿ. ಸ್ಕ್ರೀನ್ ಕಪ್ಪಾಯಿತು, ದನಿ ಮಾತ್ರ ನಿಲ್ಲದೆ ಬಂತು.

ನಾಲ್ಕನೇ ಕ್ವಾರ್ಟರ್‌ನಲ್ಲಿ ಪೇಸರ್ಸ್ 15 ಪಾಯಿಂಟ್ ಹಿಂದೆ. ಒಬ್ಬ ಸ್ನಾನಕ್ಕೆ ಬಕೆಟ್ ಎತ್ತಿಕೊಂಡು ಹೊರಟೇಬಿಟ್ಟಿದ್ದ. ಆಮೇಲೆ ಹತ್ತಾಯಿತು, ಆರಾಯಿತು, ಒಂದೇ ಒಂದು ಆಯಿತು. ಬಕೆಟ್ ಬಾಗಿಲ ಹತ್ರಾನೇ ಉಳೀತು. ಕೊನೆಯಲ್ಲಿ ಥಂಡರ್‌ನ ಶೇ ಗಿಲ್ಜಸ್-ಅಲೆಕ್ಸಾಂಡರ್ ಮಿಸ್ ಮಾಡಿದ, ಚೆಂಡು ಟೈರೀಸ್ ಹ್ಯಾಲಿಬರ್ಟನ್ ಕೈಗೆ ಬಂತು, ಟೈಮ್‌ಔಟ್ ಇಲ್ಲ, ಬಲಗಡೆಯಿಂದ ಓಡಿ ಬಂದ, ಹಾರಿದ. ಗಡಿಯಾರದಲ್ಲಿ ಉಳಿದದ್ದು 0.3 ಸೆಕೆಂಡ್. 111–110. ಇಡೀ ಮ್ಯಾಚಿನಲ್ಲಿ ಪೇಸರ್ಸ್ ಮುಂದೆ ಇದ್ದದ್ದು ಆ 0.3 ಸೆಕೆಂಡ್ ಮಾತ್ರ.

ಆ ಶಾಟನ್ನು ನಾವು ನೋಡಲಿಲ್ಲ. ಮಧ್ಯಾಹ್ನ ಕ್ಲಿಪ್ ನೋಡಿದಾಗ ಮೂವರಿಗೂ ಒಂದೇ ಅನಿಸಿಕೆ: ಇದು ನಮಗೆ ಆಗಲೇ ಗೊತ್ತಿರೋ ಜಾಗ. ಅವನು ಎಲ್ಲಿಂದ ಹಾರಿದ ಅನ್ನೋದು ಬೆಳಗ್ಗೆಯೇ ತಲೆಯಲ್ಲಿ ಕೂತಿತ್ತು.

ಅವತ್ತಿನಿಂದ ನಾವು ವೈಫೈ ಚೆನ್ನಾಗಿದ್ದಾಗಲೂ ರೇಡಿಯೋನೇ ಹಾಕ್ತೀವಿ. ಕಾರಿಡಾರಿನಲ್ಲಿ ಹೋಗೋರೆಲ್ಲ ಕೇಳೋ ಪ್ರಶ್ನೆ ಒಂದೇ, "ನೋಡಕ್ಕಾಗಲ್ವಾ?" ಆಗುತ್ತೆ. ಆದ್ರೂ ಕೇಳ್ತೀವಿ. ಆಡಿಯೋ ಅಂದ್ರೆ ವಿಡಿಯೋ ಸಿಗದವರಿಗೆ ಕೊಡೋ ಸಮಾಧಾನದ ಬಹುಮಾನ ಅಂತ ಎಲ್ಲರೂ ಅಂದುಕೊಂಡಿದ್ದಾರೆ. ಅದು ತಪ್ಪು ಅಂತ ಹೇಳೋಕೇ ಇದನ್ನ ಬರೀತಿರೋದು.

ಮೊದಲು ಲೆಕ್ಕ, ಯಾಕಂದ್ರೆ ಎಂಜಿನಿಯರಿಂಗ್‌ನವರು ಲೆಕ್ಕ ಬಿಟ್ಟು ಬೇರೆ ಯಾವುದನ್ನೂ ನಂಬಲ್ಲ. ಒಂದು ಮ್ಯಾಚ್ ಸುಮಾರು ಎರಡೂವರೆ ಗಂಟೆ, ಅಂದ್ರೆ 9,000 ಸೆಕೆಂಡ್. 64 ಕೆಬಿಪಿಎಸ್ ಆಡಿಯೋ ಆದ್ರೆ ಸೆಕೆಂಡಿಗೆ 8 ಕಿಲೋಬೈಟ್, ಒಟ್ಟು 72 ಎಂಬಿ. ಸ್ವಲ್ಪ ಧಾರಾಳವಾಗಿ 128 ಇಟ್ಟುಕೊಂಡರೂ 144 ಎಂಬಿ. 3 ಎಂಬಿಪಿಎಸ್ ವಿಡಿಯೋ ಆದ್ರೆ ಅದೇ ಮ್ಯಾಚಿಗೆ 3.3 ಜಿಬಿ ದಾಟುತ್ತೆ. ದಿನಕ್ಕೆ ಒಂದೂವರೆ ಜಿಬಿ ಪ್ಯಾಕ್ ಹಾಕಿಸಿಕೊಂಡವರು ಹಾಫ್‌ಟೈಮ್‌ಗೆ ಮುಂಚೆ ಮನೆಗೆ. ಜೊತೆಗೆ ಟೈಮಿಂಗ್ ನೋಡಿ. ಅಮೆರಿಕದ ಪೂರ್ವ ತೀರದಲ್ಲಿ ರಾತ್ರಿ 7ಕ್ಕೆ ಶುರುವಾಗೋ ಮ್ಯಾಚ್ ಚಳಿಗಾಲದಲ್ಲಿ ನಮಗೆ ಬೆಳಗ್ಗೆ 5.30. ಲಾಸ್ ಏಂಜಲೀಸ್‌ನಲ್ಲಿ 7.30ರ ಮ್ಯಾಚ್ ನಮಗೆ 9 ಗಂಟೆ. ಒಂದು ರೂಮ್‌ಮೇಟ್ ಮಲಗಿರೋ ಹೊತ್ತು, ಇನ್ನೊಂದು ಕ್ಲಾಸಿಗೆ ನಡೆಯೋ ಹೊತ್ತು. ಎರಡಕ್ಕೂ ಸ್ಕ್ರೀನ್ ಹೊಂದಲ್ಲ, ಇಯರ್‌ಫೋನ್ ಹೊಂದುತ್ತೆ. (ಮೂರು ಜನಕ್ಕೆ ಎರಡು ಕಿವಿಯ ಇಯರ್‌ಫೋನ್ ಹಂಚೋದು ಹೇಗೆ ಅಂತ ನಮ್ಮನ್ನ ಕೇಳಬೇಡಿ. ಸ್ಪ್ಲಿಟರ್ ತಗೊಳ್ಳೋವರೆಗೂ ಜಗಳಾನೇ.)

ಹೇಗೆ ಕೇಳೋದು ಅನ್ನೋದು ಚಿಕ್ಕ ವಿಷಯ, ಬೇಗ ಮುಗಿಸ್ತೀವಿ. ಎನ್‌ಬಿಎ ಆ್ಯಪ್‌ನಲ್ಲಿ ಲೀಗ್ ಪಾಸ್ ಇದ್ದರೆ, ಮ್ಯಾಚ್ ತೆಗೆದ ಮೇಲೆ ಸ್ಟ್ರೀಮ್ ಆಯ್ಕೆಯಲ್ಲಿ ಟಿವಿ ಜೊತೆಗೆ ತಂಡಗಳ ರೇಡಿಯೋನೂ ಇರುತ್ತೆ. ಎಷ್ಟೋ ಜನ ಅಲ್ಲಿವರೆಗೆ ಸ್ಕ್ರಾಲ್ ಮಾಡೋದೇ ಇಲ್ಲ. ತಂಡದ ಊರಿನ ರೇಡಿಯೋ ಸ್ಟೇಷನ್ ವೆಬ್‌ಸೈಟಿಗೆ ನೇರವಾಗಿ ಹೋದರೆ ಹೆಚ್ಚಿನ ಸಲ ಮ್ಯಾಚ್ ಬದಲು ಬೇರೆ ಯಾವುದೋ ಕಾರ್ಯಕ್ರಮ ಬರುತ್ತೆ, ಇಲ್ಲಾಂದ್ರೆ ನಿಮ್ಮ ದೇಶದಲ್ಲಿ ಇಲ್ಲ ಅನ್ನುತ್ತೆ. ಗಾಳಿಯಲ್ಲಿ ಬಿಡೋ ಹಕ್ಕು ಬೇರೆ, ಇಂಟರ್‌ನೆಟ್‌ನಲ್ಲಿ ಬಿಡೋ ಹಕ್ಕು ಬೇರೆ, ಅದಕ್ಕೆ. ಸಿರಿಯಸ್ ಎಕ್ಸ್‌ಎಂ ಅನ್ನೋ ಸ್ಯಾಟಲೈಟ್ ರೇಡಿಯೋ ಅಮೆರಿಕ, ಕೆನಡಾದವರಿಗೆ. ಅಲ್ಲಿ ಎಂಎಸ್ ಮಾಡ್ತಿರೋ ಸೀನಿಯರ್‌ಗಳು ಕಾರಲ್ಲಿ ಕೇಳಬಹುದು. ಕಳ್ಳ ಸ್ಟ್ರೀಮ್ ಬೇಡ. ನೀತಿ ಪಾಠ ಹೇಳ್ತಿಲ್ಲ, ಒಂದು ಸಲ ನಮ್ಮ ಲ್ಯಾಪ್‌ಟಾಪ್‌ಗೆ ಏನಾಯ್ತು ಅಂತ ಗೊತ್ತಿರೋದರಿಂದ ಹೇಳ್ತಿದ್ದೀವಿ.

ಇನ್ನೊಂದು: ನೋಟಿಫಿಕೇಶನ್ ಆಫ್ ಮಾಡಿ. ಸ್ಟ್ರೀಮ್ ಅನ್ನೋದು ಸಾಮಾನ್ಯವಾಗಿ ಆರಾರು ಸೆಕೆಂಡಿನ ತುಂಡುಗಳಾಗಿ ಬರುತ್ತೆ, ಪ್ಲೇಯರ್ ಮೂರು ತುಂಡು ಕೂಡಿಟ್ಟುಕೊಂಡೇ ಶುರು ಮಾಡುತ್ತೆ. ಅಲ್ಲಿಗೇ 18 ಸೆಕೆಂಡ್ ಹಿಂದೆ ಬಿದ್ವಿ. ಸ್ಕೋರ್ ಅಲರ್ಟ್ ಮಾತ್ರ ಒಂದು ಸಾಲಿನ ಡೇಟಾ, ಅದು ಮೊದಲೇ ಬಂದು ಕೂರುತ್ತೆ. ಫ್ರೀ ಥ್ರೋಗೆ ಆಟಗಾರ ನಿಂತಿದ್ದಾನೆ ಅಂತ ಕಿವಿಯಲ್ಲಿ ಹೇಳ್ತಿರುವಾಗ ಜೇಬಲ್ಲಿ ಫೋನ್ ನಡುಗಿ ಅವನು ಮಿಸ್ ಮಾಡಿದ ಅಂತ ಹೇಳಿದ್ರೆ ಯಾವ ಸುಖ?

ಶುರುವಿನಲ್ಲಿ ನಮಗೇನೂ ಅರ್ಥ ಆಗ್ತಿರಲಿಲ್ಲ, ಇದನ್ನ ಒಪ್ಪಿಕೊಳ್ತೀವಿ. ನಾವೆಲ್ಲ ಎಲ್‌ಕೆಜಿಯಿಂದ ಇಂಗ್ಲಿಷ್ ಮೀಡಿಯಂ. ಇಂಗ್ಲಿಷ್ ನಮಗೆ ಬರುತ್ತೆ ಅನ್ನೋ ಜಂಭ ಮೊದಲ ಐದು ನಿಮಿಷದಲ್ಲಿ ಇಳೀತು. 24 ಸೆಕೆಂಡಿನ ಶಾಟ್ ಕ್ಲಾಕ್ ಒಳಗೆ ನಾಲ್ಕು ಪಾಸ್, ಎರಡು ಸ್ಕ್ರೀನ್, ಒಂದು ಶಾಟ್, ಅಷ್ಟನ್ನೂ ಒಬ್ಬನೇ ಮನುಷ್ಯ ಬಾಯಲ್ಲಿ ಹೇಳ್ತಾನೆ. ಲೆಫ್ಟ್ ವಿಂಗ್, ರೈಟ್ ಎಲ್ಬೋ, ಬೇಸ್‌ಲೈನ್, ಟಾಪ್ ಆಫ್ ದಿ ಕೀ. ನಮ್ಮಲ್ಲೊಬ್ಬ ಅಬ್ಸರ್ವೇಷನ್ ಬುಕ್ಕಿನ ಹಿಂದಿನ ಹಾಳೆಯಲ್ಲಿ ಕೋರ್ಟ್ ಬರೆದ. 94 ಅಡಿ ಉದ್ದ, 50 ಅಡಿ ಅಗಲ, ಸ್ಕೇಲ್ ಸಮೇತ. ಕಾಮೆಂಟ್ರಿ ಕೇಳ್ತಾ ಪೆನ್ಸಿಲ್ ತುದಿಯನ್ನ ಚೆಂಡಿನ ಹಿಂದೆ ಓಡಿಸ್ತಿದ್ವಿ. ಒಂದು ವಾರದಲ್ಲಿ ಹಾಳೆ ಹರಿದುಹೋಯ್ತು, ಎರಡನೇ ಹಾಳೆ ಬೇಕಾಗಲಿಲ್ಲ.

ಅವರು ಹೇಳೋ ಒಂದು ಮಾತು ಮಾತ್ರ ಬಹಳ ದಿನ ಬಗೆಹರಿಯಲಿಲ್ಲ. ಈ ತಂಡ ನಿಮ್ಮ ರೇಡಿಯೋ ಡಯಲ್‌ನಲ್ಲಿ ಎಡದಿಂದ ಬಲಕ್ಕೆ ಆಡ್ತಿದೆ ಅಂತಾರೆ. ಯಾವ ಡಯಲ್? ರಜೆಯಲ್ಲಿ ಊರಿಗೆ ಹೋದಾಗ ಅಜ್ಜಿಯ ಹಳೇ ರೇಡಿಯೋ ನೋಡಿ ಹೊಳೀತು. ಗಾಜಿನ ಹಿಂದೆ ಕೆಂಪು ಮುಳ್ಳು, ಎಡದಿಂದ ಬಲಕ್ಕೆ ನಂಬರುಗಳು. ಕೇಳೋರೆಲ್ಲರ ಮುಂದೆ ಇರೋ ಆ ಪಟ್ಟಿಯನ್ನೇ ಕೋರ್ಟ್ ಮಾಡಿಕೊಂಡುಬಿಟ್ಟಿದ್ದಾರೆ! ಡಯಲ್ ಹೋಗಿ ಎಷ್ಟೋ ಕಾಲ ಆಯ್ತು, ಮಾತು ಉಳಿದಿದೆ.

ಬಾಸ್ಕೆಟ್‌ಬಾಲ್‌ಗೂ ರೇಡಿಯೋಗೂ ಇರೋ ಸಂಬಂಧ ಸಣ್ಣದಲ್ಲ. ವಿಲ್ಟ್ ಚೇಂಬರ್ಲೇನ್ ಒಂದೇ ಮ್ಯಾಚಲ್ಲಿ 100 ಪಾಯಿಂಟ್ ಹೊಡೆದ ಕಥೆ ಎಲ್ಲರೂ ಕೇಳಿರ್ತೀರ. 1962ರ ಮಾರ್ಚ್ 2, ಪೆನ್ಸಿಲ್ವೇನಿಯಾದ ಹರ್ಷಿ ಊರು, ಫಿಲಡೆಲ್ಫಿಯಾ ವಾರಿಯರ್ಸ್ 169, ನ್ಯೂಯಾರ್ಕ್ ನಿಕ್ಸ್ 147. ನೋಡಲು ಬಂದಿದ್ದವರು 4,124 ಜನ. ಆ ಮ್ಯಾಚಿನ ವಿಡಿಯೋ ಇಲ್ಲ. ಟಿವಿಯವರು ಬಂದೇ ಇರಲಿಲ್ಲ. ಬಿಲ್ ಕ್ಯಾಂಪ್‌ಬೆಲ್ ಅನ್ನೋರು ರೇಡಿಯೋದಲ್ಲಿ ವಿವರಣೆ ಕೊಟ್ಟಿದ್ದರು. ಅವತ್ತು ರಾತ್ರಿ ನಾಲ್ಕನೇ ಕ್ವಾರ್ಟರನ್ನ ಮತ್ತೆ ಪ್ರಸಾರ ಮಾಡಿದಾಗ ಮ್ಯಾಸಚೂಸೆಟ್ಸ್ ಯೂನಿವರ್ಸಿಟಿಯ ವಿದ್ಯಾರ್ಥಿ ಜಿಮ್ ಟ್ರಿಲೀಸ್ ತನ್ನ ಟೇಪ್ ರೆಕಾರ್ಡರ್‌ನಲ್ಲಿ ಹಿಡಿದಿಟ್ಟುಕೊಂಡ. ಇವತ್ತು ಆ ಕ್ವಾರ್ಟರ್ ನಮಗೆ ಕೇಳೋಕೆ ಸಿಗ್ತಿದ್ದರೆ ಅಂಥ ಟೇಪಿನಿಂದ. 2016ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಅದನ್ನ ರಾಷ್ಟ್ರೀಯ ಧ್ವನಿಮುದ್ರಣಗಳ ಪಟ್ಟಿಗೆ ಸೇರಿಸಿತು. ನಮ್ಮ ಹಾಗೇ ಒಬ್ಬ ಕಾಲೇಜ್ ಹುಡುಗ, ನಡುರಾತ್ರಿ ನಿದ್ದೆ ಬಿಟ್ಟು ಮಾಡಿದ ಕೆಲಸ. ಅವನ ವಾರ್ಡನ್‌ಗೆ ಗೊತ್ತಿತ್ತೋ ಇಲ್ವೋ.

1965ರ ಏಪ್ರಿಲ್ 15, ಬಾಸ್ಟನ್ ಗಾರ್ಡನ್. ಏಳನೇ ಮ್ಯಾಚ್, ಸೆಲ್ಟಿಕ್ಸ್ 110, ಫಿಲಡೆಲ್ಫಿಯಾ 109, ಐದು ಸೆಕೆಂಡ್ ಬಾಕಿ. ಬಿಲ್ ರಸೆಲ್ ಒಳಗೆ ಎಸೆದ ಚೆಂಡು ಬುಟ್ಟಿಗೆ ಆಧಾರವಾಗಿದ್ದ ತಂತಿಗೆ ತಾಗಿ ಎದುರಾಳಿಗೆ ಹೋಯ್ತು. ಫಿಲಡೆಲ್ಫಿಯಾದ ಪಾಸನ್ನ ಜಾನ್ ಹ್ಯಾವ್ಲಿಚೆಕ್ ತಟ್ಟಿ ಸ್ಯಾಮ್ ಜೋನ್ಸ್ ಕಡೆ ಕಳಿಸಿದ. ರೇಡಿಯೋದ ಜಾನಿ ಮೋಸ್ಟ್ ತನ್ನ ಒಡಕು ಗಂಟಲಲ್ಲಿ ಹ್ಯಾವ್ಲಿಚೆಕ್ ಚೆಂಡು ಕದ್ದ ಅಂತ ಕಿರುಚಿದ್ದು ಆಮೇಲೆ ಗ್ರಾಮಫೋನ್ ರೆಕಾರ್ಡ್ ಆಗಿ ಮಾರಾಟವಾಯ್ತು. ಪೋರ್ಟ್‌ಲ್ಯಾಂಡ್‌ನಲ್ಲಿ ಬಿಲ್ ಶೋನ್ಲಿ 1971ರ ಒಂದು ಮ್ಯಾಚಲ್ಲಿ ಬಾಯಿಗೆ ಬಂದ ಹಾಗೆ ರಿಪ್ ಸಿಟಿ ಅಂದುಬಿಟ್ಟರು. ಇವತ್ತು ಆ ಊರಿಗೇ ಅದು ಅಡ್ಡಹೆಸರು, ಜರ್ಸಿ ಮೇಲೂ ಇದೆ. ಲೇಕರ್ಸ್‌ನ ಚಿಕ್ ಹರ್ನ್ 1965ರಿಂದ 2001ರವರೆಗೆ ಒಂದೂ ತಪ್ಪಿಸದೆ ಸತತ 3,338 ಮ್ಯಾಚಿಗೆ ಮಾತಾಡಿದರು. ನಮ್ಮ ಅಟೆಂಡೆನ್ಸ್ ನೆನಪಾಗಿ ನಾಚಿಕೆಯಾಗುತ್ತೆ. ಸ್ಲ್ಯಾಮ್ ಡಂಕ್, ಏರ್ ಬಾಲ್ ಅಂತ ನಾವು ಕೋರ್ಟಲ್ಲಿ ಕೂಗೋ ಪದಗಳು ಜನರ ಬಾಯಿಗೆ ಬಂದದ್ದು ಅವರ ಬಾಯಿಂದ. ಅಂದ್ರೆ ಕಣ್ಣಿಗೆ ಕಾಣದವರಿಗೆ ಆಟ ಹೇಳಬೇಕಾದ ಕಷ್ಟದಲ್ಲೇ ಆಟದ ಭಾಷೆ ಹುಟ್ಟಿದ್ದು. ಕಾಣೋರಿಗೆ ಹೇಳೋಕೆ ಹೊಸ ಪದ ಯಾಕೆ ಬೇಕು, ಬೆರಳು ತೋರಿಸಿದರೆ ಸಾಕು.

ರೇಡಿಯೋದವರು ನಿಷ್ಪಕ್ಷಪಾತ ಅಂತ ಮಾತ್ರ ನಂಬಬೇಡಿ. ಅವರು ತಂಡದ ಮನೆ ಜನ. ಜಾನಿ ಮೋಸ್ಟ್‌ಗೆ ಸೆಲ್ಟಿಕ್ಸ್‌ನವರು ಹಾಲಿನಂಥ ಮಕ್ಕಳು, ಬೇರೆಯವರೆಲ್ಲ ರೌಡಿಗಳು. ಕೆಲವರಿಗೆ ಇದು ಕಿರಿಕಿರಿ. ನಮಗೆ ಇದೇ ಇಷ್ಟ. ಒಂದೇ ಮ್ಯಾಚಿನ ಒಂದು ಅರ್ಧ ಈ ಕಡೆ, ಇನ್ನೊಂದು ಅರ್ಧ ಆ ಕಡೆ ಕೇಳಿ ನೋಡಿ, ಎರಡು ಬೇರೆ ಬೇರೆ ಮ್ಯಾಚ್ ನಡೀತಿದೆಯೇನೋ ಅನಿಸುತ್ತೆ. ನಮ್ಮ ಸಲಹೆ: ಸೋಲ್ತಿರೋ ತಂಡದ ರೇಡಿಯೋ ಹಾಕಿ. ಗೆಲ್ಲೋರ ಕಡೆ ಬರೀ ಗದ್ದಲ. ಸೋಲೋರ ಕಡೆ ಯಾಕೆ ಸೋಲ್ತಿದ್ದೀವಿ ಅಂತ ಒಬ್ಬ ಕೂತು ಬಿಡಿಸಿ ಹೇಳ್ತಾನೆ.

ಕಳೆದುಕೊಳ್ಳೋದು ಏನೂ ಇಲ್ವಾ? ಇದೆ. ಚೆಂಡಿಲ್ಲದ ಕಡೆ ಏನು ನಡೀತಿದೆ ಅನ್ನೋದು ಕಿವಿಗೆ ಸಿಗಲ್ಲ. ಸ್ಟೆಫ್ ಕರಿ ಚೆಂಡು ಕೈಯಲ್ಲಿಲ್ಲದೆ ಓಡಾಡೋ ಚಂದ ರೇಡಿಯೋಗೆ ದಕ್ಕಲ್ಲ, ಕಾಮೆಂಟೇಟರ್ ಚೆಂಡಿನ ಹಿಂದೆ ಹೋಗಲೇಬೇಕು. ಅದೇ ಫೈನಲ್ಸ್‌ನ ಏಳನೇ ಮ್ಯಾಚ್, ಜೂನ್ 23ರ ಬೆಳಗ್ಗೆ, ಮೊದಲ ಕ್ವಾರ್ಟರ್‌ನಲ್ಲೇ ಹ್ಯಾಲಿಬರ್ಟನ್ ಬಿದ್ದ. ಹಿಮ್ಮಡಿಯ ಅಕಿಲೀಸ್ ಹರಿದಿತ್ತು. ನಮಗೆ ಅವನ ಮುಖ ಕಾಣಲಿಲ್ಲ. ಒಂದು ಕ್ಷಣ ಏನಾಯ್ತು ಅಂತಾನೇ ತಿಳೀಲಿಲ್ಲ. ಆಮೇಲೆ ತಿಳೀತು, ಮೂವರೂ ಸುಮ್ಮನೆ ಸೀಲಿಂಗ್ ಫ್ಯಾನ್ ನೋಡ್ತಾ ಕೂತ್ವಿ. ಥಂಡರ್ 103–91ರಲ್ಲಿ ಗೆದ್ದರು. ಅವತ್ತು ವಿಡಿಯೋ ಹಾಕಿದ್ದರೆ ಅವನು ಬಿದ್ದದ್ದನ್ನ ಹತ್ತು ಸಲ ಸ್ಲೋ ಮೋಷನ್‌ನಲ್ಲಿ ನೋಡಬೇಕಿತ್ತು. ಇದನ್ನ ನಷ್ಟ ಅನ್ನೋಕೆ ನಮಗೆ ಮನಸ್ಸಿಲ್ಲ.

ಈಗ ಕೋಪದ ವಿಷಯಕ್ಕೆ ಬರ್ತೀವಿ. ಕೆಲವು ತಂಡಗಳು ರೇಡಿಯೋಗೆ ಬೇರೆ ಕಾಮೆಂಟೇಟರ್ ಇಡೋದನ್ನ ಬಿಟ್ಟು ಟಿವಿಯ ಆಡಿಯೋನೇ ರೇಡಿಯೋಗೆ ಹರಿಸ್ತಿವೆ. ಖರ್ಚು ಉಳಿಯುತ್ತೆ. ಚಿಕ್ ಹರ್ನ್ ಕೂಡ ಟಿವಿ, ರೇಡಿಯೋ ಎರಡಕ್ಕೂ ಒಟ್ಟಿಗೆ ಮಾತಾಡ್ತಿದ್ದರಲ್ಲ ಅಂತ ವಾದ ಬರುತ್ತೆ. ನಿಜ. ಆದ್ರೆ ಅವರು ರೇಡಿಯೋದವರ ಹಾಗೆ ಮಾತಾಡ್ತಿದ್ದರು, ಟಿವಿ ನೋಡೋರಿಗೆ ಅದು ಹೆಚ್ಚುವರಿ. ಈಗ ಆಗ್ತಿರೋದು ಉಲ್ಟಾ. ಟಿವಿಯವನು "ಓಹ್, ನೋಡಿ ಇದನ್ನ!" ಅಂತಾನೆ. ಏನು ನೋಡೋದು? ಕಾರು ಓಡಿಸೋನು, ರಾತ್ರಿ ಪಾಳಿಯಲ್ಲಿ ಗೇಟ್ ಕಾಯೋನು ಏನು ನೋಡಬೇಕು? ಕಣ್ಣು ಕಾಣದವರಿಗಂತೂ ಒಳ್ಳೆ ರೇಡಿಯೋ ಕಾಮೆಂಟ್ರಿನೇ ಆಟ. ಪೋರ್ಟ್‌ಲ್ಯಾಂಡ್‌ನವರು 2025ರಲ್ಲಿ ತಮ್ಮ ಅರೀನಾದಲ್ಲಿ ಅಂಥವರಿಗೆ ಕೋರ್ಟಿನ ಆಕಾರದ ಒಂದು ಟ್ಯಾಬ್ಲೆಟ್ ಕೊಡೋಕೆ ಶುರು ಮಾಡಿದರು. ಚೆಂಡು ಎಲ್ಲಿದೆಯೋ ಅಲ್ಲಿ ಕೈ ಕೆಳಗೆ ನಡುಗುತ್ತೆ. ಒಳ್ಳೆ ಐಡಿಯಾ, ನಮ್ಮ ಪ್ರಾಜೆಕ್ಟ್ ಗುಂಪಿನವರಿಗೆ ಹೊಟ್ಟೆಕಿಚ್ಚು ಬಂತು. ಅರೀನಾಗೆ ಬರೋಕಾಗದೆ ಮನೆಯಲ್ಲಿ ಕೂತವರಿಗೆ ಮಾತ್ರ ಒಂದು ಬಾಯಿ ಬೇಕು.

ಬಾಯಿ ಬೇಕು ಅನ್ನೋದು ನಮಗೆ ಅರ್ಥವಾದದ್ದು ನಾವೇ ಬಾಯಿ ಬಿಟ್ಟ ದಿನ. ಹೋದ ಸೆಮಿಸ್ಟರ್ ಇಂಟರ್-ಬ್ರಾಂಚ್ ಫೈನಲ್‌ಗೆ ನಮ್ಮ ಪಾಯಿಂಟ್ ಗಾರ್ಡ್ ಕಾಲು ಮುರಿದುಕೊಂಡು ಊರಲ್ಲಿದ್ದ. ಅವನ ಊರಿನ ಮೂಲೆಮನೆಯಲ್ಲಿ ವಿಡಿಯೋ ಕಾಲ್ ನಿಲ್ಲಲ್ಲ. ಸರಿ, ಬರೀ ಕಾಲ್ ಮಾಡ್ತೀವಿ, ಕಾಮೆಂಟ್ರಿ ಕೊಡ್ತೀವಿ ಅಂದ್ವಿ. ಫೋನ್ ಸ್ಪೀಕರ್‌ನಲ್ಲಿತ್ತು. ಅವನ ಅಮ್ಮ, ಅಜ್ಜ ಪಕ್ಕದಲ್ಲೇ ಕೂತಿದ್ದರಂತೆ, ಹಾಗಾಗಿ ಕನ್ನಡದಲ್ಲೇ ಹೇಳಬೇಕಾಯ್ತು.

ಎರಡು ನಿಮಿಷ ಆಗಿರಲಿಲ್ಲ, ಆಂಟಿ ಕೇಳಿದರು, "ಏನಪ್ಪಾ, ಬರೀ ಅಯ್ಯೋ ಅಯ್ಯೋ ಅಂತೀರಲ್ಲ, ಈಗ ಬಾಲು ಯಾರ ಹತ್ರ ಇದೆ?"

ಹೇಳೇ ಇರಲಿಲ್ಲ. ಇನ್ನೈದು ನಿಮಿಷಕ್ಕೆ ಅಜ್ಜನ ದನಿ, "ಸ್ಕೋರ್ ಎಷ್ಟ್ರೋ?" ಅದನ್ನೂ ಹೇಳಿರಲಿಲ್ಲ. ಅಜ್ಜ ಮೈಸೂರು ಆಕಾಶವಾಣಿಯಲ್ಲಿ ದಸರಾ ಮೆರವಣಿಗೆಯ ವೀಕ್ಷಕ ವಿವರಣೆ ಕೇಳಿ ಬೆಳೆದವರು. ಆನೆ ಯಾವ ಸರ್ಕಲ್ ದಾಟ್ತು, ಅದರ ಹಿಂದೆ ಯಾವ ಸ್ತಬ್ಧಚಿತ್ರ ಬಂತು ಅಂತ ಮನೆಯಲ್ಲಿ ಕೂತೇ ಕಾಣಿಸೋ ಹಾಗೆ ಹೇಳ್ತಿದ್ದರಂತೆ. ವೀಕ್ಷಕ ವಿವರಣೆ ಅನ್ನೋ ಪದಾನೇ ನಾವು ಅವತ್ತು ಮೊದಲು ಕೇಳಿದ್ದು. ಐಪಿಎಲ್‌ನ ಕನ್ನಡ ಕಾಮೆಂಟ್ರಿ ಕೇಳಿ ನಮಗೂ ಬರುತ್ತೆ ಅಂದುಕೊಂಡಿದ್ವಿ. ಅದು ಟಿವಿಯದು, ನೋಡ್ತಿರೋರಿಗೆ ಹೇಳೋದು.

ಮೂರನೇ ಕ್ವಾರ್ಟರ್ ಹೊತ್ತಿಗೆ ಸ್ವಲ್ಪ ದಾರಿಗೆ ಬಂದ್ವಿ. ಡ್ರೈವ್ ಮಾಡಿದ ಅಂದ್ರೆ ಆಂಟಿಗೆ ಕಾರ್ ನೆನಪಾಗುತ್ತೆ, ಹಾಗಾಗಿ ನುಗ್ಗಿದ ಅಂದ್ವಿ. ಸ್ಟೀಲ್‌ಗೆ ತಟ್ಟಿ ಕಿತ್ಕೊಂಡ. ಬೇಸ್‌ಲೈನ್‌ಗೆ ಬುಟ್ಟಿ ಹಿಂದಿನ ಗೆರೆ. ರಿಬೌಂಡ್‌ಗೆ ಏನೂ ಸಿಗಲಿಲ್ಲ, ರಿಬೌಂಡ್ ಅಂತಾನೇ ಇಟ್ಕೊಂಡ್ವಿ. ಎಡಗಡೆ ಯಾವುದು ಅಂತ ಕೇಳಿದಾಗ ಹೊಳೆದದ್ದು: ಕ್ಯಾಂಟೀನ್ ಕಡೆ, ಲೈಬ್ರರಿ ಕಡೆ. ಪಾಯಿಂಟ್ ಗಾರ್ಡ್‌ಗೆ ತಕ್ಷಣ ಗೊತ್ತಾಯ್ತು, ಅವನು ಪಕ್ಕದವರಿಗೆ ಬಿಡಿಸಿ ಹೇಳಿದ. ಮೂರು ಪಾಯಿಂಟಲ್ಲಿ ಸೋತ್ವಿ. ಕೊನೇ ಶಾಟ್ ಯಾರು, ಎಲ್ಲಿಂದ ಹೊಡೆದ್ರು ಅಂತ ಅವನು ಎರಡು ಸಲ ಕೇಳಿದ. ನಾವು ಆಗ ಫೋನ್ ಹಿಡಿದುಕೊಂಡು ಕಿರುಚ್ತಾ ಇದ್ವಿ, ಹೇಳಿರಲಿಲ್ಲ. ಅವನಿಗೆ ಅದು ಇನ್ನೂ ಗೊತ್ತಿಲ್ಲ ಅನ್ನೋದು ನಮಗೆ ಈಗಲೂ ಚುಚ್ಚುತ್ತೆ, ಯಾಕಂದ್ರೆ ವಿಡಿಯೋನ ಯಾರೂ ತೆಗೆದಿರಲಿಲ್ಲ.

ಹಾಗಾಗಿ ಕನ್ನಡ ಸಂಘಕ್ಕೆ ಒಂದು ಬೇಡಿಕೆ. ಮುಂದಿನ ಇಂಟರ್-ಬ್ರಾಂಚ್ ಫೈನಲ್‌ಗೆ ಕನ್ನಡದಲ್ಲಿ ಆಡಿಯೋ ಪ್ರಸಾರ ಮಾಡೋಣ. ಕ್ಯಾಮೆರಾ ಬೇಡ, ಬಜೆಟ್ ಬೇಡ. ಒಂದು ಮೈಕ್, ಒಂದು ಫೋನು, ಇಬ್ಬರು ಜನ: ಒಬ್ಬ ಚೆಂಡಿನ ಹಿಂದೆ, ಇನ್ನೊಬ್ಬ ಸ್ಕೋರ್ ಮತ್ತು ಟೈಮ್. ಅಮೆರಿಕದ ಬೇಸ್‌ಬಾಲ್ ಕಾಮೆಂಟೇಟರ್ ರೆಡ್ ಬಾರ್ಬರ್ ಸ್ಕೋರ್ ಹೇಳೋದು ಮರೆಯಬಾರದು ಅಂತ ಮೊಟ್ಟೆ ಬೇಯಿಸೋಕೆ ಬಳಸೋ ಮೂರು ನಿಮಿಷದ ಮರಳಿನ ಗಡಿಯಾರ ಎದುರಿಗೆ ಇಟ್ಟುಕೊಳ್ತಿದ್ದರು. ಮರಳು ಇಳಿದ ಕೂಡಲೇ ಸ್ಕೋರ್ ಹೇಳಿ ತಿರುಗಿಸೋದು. ನಮಗೂ ಒಂದು ಸಿಕ್ಕಿದೆ, ಕಾಮನ್ ರೂಮಿನ ಹಳೇ ಬೋರ್ಡ್ ಗೇಮ್ ಡಬ್ಬದಲ್ಲಿ. ಮೂರು ನಿಮಿಷದ್ದಲ್ಲ, ಒಂದೇ ನಿಮಿಷದ್ದು. ಬಾಸ್ಕೆಟ್‌ಬಾಲ್‌ಗೆ ಅದೇ ಸರಿ.